ಗಡುವು ದಾಟಿದ ಮೇಲ್ಮನವಿ

ಜಮೀನಿನ ಪಾಲಿನ ದಾವೆಯಲ್ಲಿ ಸೋತ ಒಬ್ಬ ರೈತನನ್ನು ಕಲ್ಪಿಸಿಕೊಳ್ಳಿ. ತೀರ್ಪು ಬಂದದ್ದು ಜೂನ್ 1ರಂದು. ಮೇಲ್ಮನವಿ ಹಾಕಬೇಕೆಂದು ಓಡಾಡುತ್ತಿದ್ದವನಿಗೆ ಜುಲೈ 8ರಂದು ಪಾರ್ಶ್ವವಾಯು ಬಡಿಯಿತು. ಅವನು ವಕೀಲರ ಮುಂದೆ ಬಂದು ಕುಳಿತದ್ದು ಆಗಸ್ಟ್ 20ಕ್ಕೆ. ‘ಇನ್ನು ಅಪೀಲು ಆಗುತ್ತದೆಯೇ ಸ್ವಾಮಿ?’ ಎಂಬ ಅವನ ಪ್ರಶ್ನೆಗೆ ಉತ್ತರ ಹುಡುಕುವುದೇ ಈ ಅಧ್ಯಾಯದ ಕೆಲಸ.

ದಿನಗಳ ಲೆಕ್ಕ

ವಕೀಲರು ಲಿಮಿಟೇಶನ್ ಕಾಯ್ದೆ ಎನ್ನುವ 1963ರ ಕಾಲಮಿತಿ ಕಾಯ್ದೆಯ ಪ್ರಕಾರ, ಸಿವಿಲ್ ಡಿಕ್ರಿಯ ವಿರುದ್ಧ ಹೈಕೋರ್ಟಿಗೆ ಮೇಲ್ಮನವಿ ಹಾಕಲು 90 ದಿನ, ಬೇರೆ ನ್ಯಾಯಾಲಯಗಳಿಗೆ 30 ದಿನ. ನಮ್ಮ ರೈತನ ಮೇಲ್ಮನವಿ ಹೈಕೋರ್ಟಿಗಲ್ಲ, ಹಾಗಾಗಿ ಅವನಿಗಿರುವುದು 30 ದಿನ. ಗಡುವು ಮೀರಿದ್ದನ್ನು ಎದುರಾಳಿ ಎತ್ತಿ ಹೇಳದಿದ್ದರೂ, ನ್ಯಾಯಾಲಯವೇ ಗಮನಿಸಿ ಮೇಲ್ಮನವಿಯನ್ನು ವಜಾ ಮಾಡಬೇಕೆಂದು 3ನೇ ಕಲಂ ಹೇಳುತ್ತದೆ.

ತೀರ್ಪಿನ ದಿನ ಈ ಎಣಿಕೆಗೆ ಸೇರುವುದಿಲ್ಲ. ತೀರ್ಪು ಮತ್ತು ಡಿಕ್ರಿಯ ದೃಢೀಕೃತ ನಕಲು ಪಡೆಯಲು ಬೇಕಾದ ದಿನಗಳೂ 12ನೇ ಕಲಮಿನಂತೆ ಕಳೆದುಹೋಗುತ್ತವೆ. ನಮ್ಮ ರೈತ ಜೂನ್ 10ಕ್ಕೆ ನಕಲಿಗೆ ಅರ್ಜಿ ಕೊಟ್ಟು ಜೂನ್ 22ಕ್ಕೆ ಪಡೆದಿದ್ದರೆ, ಆ 13 ದಿನ ಅವನ ಪಾಲಿಗೆ ಉಳಿತಾಯ. ಜುಲೈ 1ಕ್ಕೆ ಮುಗಿಯಬೇಕಿದ್ದ ಗಡುವು ಜುಲೈ 14ಕ್ಕೆ ಹೋಗುತ್ತದೆ. ಆದರೆ ನಕಲಿಗೆ ಅರ್ಜಿಯನ್ನೇ ಕೊಡದೆ ಕಳೆದ ದಿನಗಳಿಗೆ ಈ ರಿಯಾಯಿತಿ ಇಲ್ಲ. ಕೊನೆಯ ದಿನ ಕೋರ್ಟಿಗೆ ರಜೆಯಿದ್ದರೆ, ಬಾಗಿಲು ತೆರೆದ ದಿನವೇ ಸಲ್ಲಿಸಿದರೆ ಸಾಕು, ಅದು ವಿಳಂಬವಲ್ಲ. ಹೀಗೆ ಎಲ್ಲ ಲೆಕ್ಕ ಹಾಕಿದರೂ ಆಗಸ್ಟ್ 20ಕ್ಕೆ ಬಂದ ಮೇಲ್ಮನವಿ 37 ದಿನ ತಡ.

5ನೇ ಕಲಂ

ಗಡುವಿನೊಳಗೆ ಬರಲಾಗದ್ದಕ್ಕೆ ‘ಸಾಕಷ್ಟು ಕಾರಣ’ ಇತ್ತೆಂದು ತೋರಿಸಿದರೆ ವಿಳಂಬವನ್ನು ಮನ್ನಿಸುವ ಅಧಿಕಾರವನ್ನು 5ನೇ ಕಲಂ ನ್ಯಾಯಾಲಯಕ್ಕೆ ಕೊಟ್ಟಿದೆ. ಇದು ಮೇಲ್ಮನವಿಗೂ ಕೆಲವು ಅರ್ಜಿಗಳಿಗೂ ಇರುವ ಅನುಕೂಲ. ಮೂಲ ದಾವೆಯನ್ನೇ ತಡವಾಗಿ ಹೂಡಿದವರಿಗೆ ಇದು ಒದಗುವುದಿಲ್ಲ.

ಯಾವುದು ಸಾಕಷ್ಟು ಕಾರಣ ಎಂದು ಕಾಯ್ದೆ ಪಟ್ಟಿ ಮಾಡಿಲ್ಲ. ಬದುಕಿನ ಕಷ್ಟಗಳನ್ನು ಪಟ್ಟಿಯಲ್ಲಿ ಹಿಡಿದಿಡಲು ಆಗದು ಎಂಬ ವಿವೇಕ ಅದರಲ್ಲಿದೆ. 1987ರಲ್ಲಿ ಕಾಶ್ಮೀರದ ಅನಂತನಾಗದ ಭೂಸ್ವಾಧೀನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 4 ದಿನಗಳ ವಿಳಂಬವನ್ನು ಮನ್ನಿಸಿತು. ತಾಂತ್ರಿಕ ತೊಡಕಿಗಿಂತ ನ್ಯಾಯ ದೊಡ್ಡದು, ದಿನದಿನದ ವಿವರಣೆಯನ್ನು ವ್ಯವಹಾರಜ್ಞಾನದಿಂದ ನೋಡಬೇಕು ಎಂಬುದು ಅದರ ತಿರುಳು. ಕೋವಿಡ್ ಕಾಲದಲ್ಲಿ ಜನ ಅರ್ಜಿ ಹಾಕುವ ಮೊದಲೇ ಅದೇ ನ್ಯಾಯಾಲಯ 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ದಿನಗಳನ್ನು ಎಣಿಕೆಯಿಂದಲೇ ತೆಗೆದುಹಾಕಿತು.

ಗೆದ್ದವರ ನೆಮ್ಮದಿ

ಇನ್ನೊಂದು ಕಡೆಯನ್ನೂ ನೋಡಬೇಕು. ಗಡುವು ಮುಗಿಯಿತೆಂದು ನಂಬಿ ಗೆದ್ದವರು ಜಮೀನು ಉತ್ತಿರುತ್ತಾರೆ, ಮನೆ ಕಟ್ಟಿರುತ್ತಾರೆ. ಅವರನ್ನು ಮತ್ತೆ ಕೋರ್ಟಿಗೆ ಎಳೆಯಬೇಕಾದರೆ ಕಾರಣ ಗಟ್ಟಿಯಾಗಿರಬೇಕು. ಕರ್ನಾಟಕದ ಒಂದು ಭೂಸ್ವಾಧೀನ ಪ್ರಕರಣದಲ್ಲಿ ಐದೂವರೆ ವರ್ಷ ತಡವಾಗಿ ಬಂದ ಭೂಮಾಲೀಕರಿಗೆ 2013ರಲ್ಲಿ ಸುಪ್ರೀಂ ಕೋರ್ಟ್ ಮನ್ನಾ ನಿರಾಕರಿಸಿತು. ಸರ್ಕಾರಿ ಸಂಸ್ಥೆಗಳಿಗೂ ಬೇರೆ ಅಳತೆಗೋಲಿಲ್ಲ. ಕರ್ನಾಟಕ ಗೃಹ ಮಂಡಳಿಯ ಎರಡನೇ ಮೇಲ್ಮನವಿಯಲ್ಲಿ 3,966 ದಿನಗಳ ವಿಳಂಬವನ್ನು ಹೈಕೋರ್ಟ್ ಮನ್ನಿಸಿದ್ದಾಗ, ಸುಪ್ರೀಂ ಕೋರ್ಟ್ 2025ರಲ್ಲಿ ಆ ಆದೇಶವನ್ನು ರದ್ದುಮಾಡಿತು. ಕಡತ ಮೇಜಿನಿಂದ ಮೇಜಿಗೆ ನಿಧಾನವಾಗಿ ಸಾಗಿತು ಎಂಬುದು ಕಾರಣವಾಗಲಾರದು.

ಅರ್ಜಿ ಹೇಗಿರಬೇಕು?

ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 3ಎ ನಿಯಮದಂತೆ, ಮೇಲ್ಮನವಿಯ ಜೊತೆಗೇ ವಿಳಂಬ ಮನ್ನಾ ಅರ್ಜಿ ಮತ್ತು ಅದಕ್ಕೆ ಪ್ರಮಾಣಪತ್ರ ಇರಬೇಕು. ‘ಅನಾರೋಗ್ಯವಿತ್ತು’ ಎಂಬ ಒಂದು ಸಾಲು ಸಾಲದು. ಆಸ್ಪತ್ರೆಗೆ ಸೇರಿದ ದಿನ, ಬಿಡುಗಡೆಯ ಚೀಟಿ, ವೈದ್ಯರ ಸಲಹೆ, ಓಡಾಡಿಸಲು ಮನೆಯಲ್ಲಿ ಯಾರೂ ಇರಲಿಲ್ಲವಾದರೆ ಆ ಸಂಗತಿ, ಎಲ್ಲವೂ ದಿನಾಂಕದೊಡನೆ ಬರಬೇಕು. ರೈತ ಜುಲೈ 30ಕ್ಕೇ ಮನೆಗೆ ಬಂದಿದ್ದರೆ, ನಂತರದ ಮೂರು ವಾರ ಏನಾಯಿತು ಎಂದು ಎದುರು ವಕೀಲರು ಖಂಡಿತ ಕೇಳುತ್ತಾರೆ. ಉತ್ತರ ಪ್ರಮಾಣಪತ್ರದಲ್ಲೇ ಇರಲಿ. ಸುಳ್ಳು ಕಾರಣ ಒಂದು ಸಿಕ್ಕಿಬಿದ್ದರೆ ನಿಜವಾದ ಕಾರಣವೂ ಅದರೊಡನೆ ಮುಳುಗುತ್ತದೆ.

ಎದುರಾಳಿಗೆ ಆದ ತೊಂದರೆಗೆ ಇಂತಿಷ್ಟು ಖರ್ಚು ಕೊಡಬೇಕೆಂಬ ಷರತ್ತಿನೊಂದಿಗೆ ಮನ್ನಾ ಸಿಗುವುದುಂಟು. ಆದರೆ ಅದಕ್ಕೆ ಮುನ್ನ ಡಿಕ್ರಿಯ ಜಾರಿಗೆ ತಡೆಯಾಜ್ಞೆ ಸುಲಭವಲ್ಲ: ವಿಳಂಬವನ್ನು ತೀರ್ಮಾನಿಸಿ ಮೇಲ್ಮನವಿಯನ್ನು ವಿಚಾರಣೆಗೆ ಎತ್ತಿಕೊಳ್ಳುವವರೆಗೆ ತಡೆ ಕೊಡುವಂತಿಲ್ಲ ಎಂದು ಅದೇ ನಿಯಮ ಹೇಳುತ್ತದೆ. ಹಾಗಾಗಿ ತಡವಾದವರು ಇನ್ನೊಂದು ದಿನವನ್ನೂ ಕಳೆಯಬಾರದು. ವಕೀಲರ ಖರ್ಚಿಗೆ ಹೆದರಿ ಹಿಂಜರಿಯುವವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಚೇರಿಗೆ ಹೋಗಲಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ನೋಡದೆ ಅಲ್ಲಿ ಉಚಿತ ನೆರವು ಸಿಗುತ್ತದೆ.

ನಮ್ಮ ರೈತನಿಗೆ ಉತ್ತರ ಈಗ ಸ್ಪಷ್ಟ. ಅವನ ದಾರಿ ಇನ್ನೂ ಉಳಿದಿದೆ. 37 ದಿನಗಳಲ್ಲಿ ಒಂದೊಂದೂ ಎಲ್ಲಿ ಹೋಯಿತೆಂದು ಕಾಗದದೊಡನೆ ಹೇಳುವ ಹೊಣೆ ಅವನದು. ನೀವು ಆ ಸ್ಥಿತಿಗೆ ಬಾರದಿರಲು ಒಂದು ಅಭ್ಯಾಸ ಸಾಕು: ತೀರ್ಪು ಕೇಳಿದ ದಿನವೇ ನಕಲಿಗೆ ಅರ್ಜಿ ಕೊಟ್ಟು, ರಸೀದಿಯನ್ನು ಜೋಪಾನವಾಗಿಡಿ.