ಮಗಳ ಪಾಲು



ಶ್ರಾವಣದ ಪಂಚಮಿ ನಮ್ಮ ಸೀಮೆಯಲ್ಲಿ ಹೆಣ್ಣುಮಕ್ಕಳ ಹಬ್ಬ. ಅಣ್ಣನೋ ತಮ್ಮನೋ ಹೋಗಿ ಅವರನ್ನು ತವರಿಗೆ ಕರೆದುಕೊಂಡು ಬರಬೇಕು, ಉಂಡಿ ಕಟ್ಟಬೇಕು, ಜೋಕಾಲಿ ಹಾಕಬೇಕು. ಈಚೆಗೆ ಮಠಕ್ಕೆ ಬರುವ ತಾಯಂದಿರಿಂದ ನಾವು ಬೇರೊಂದು ಮಾತು ಕೇಳುತ್ತಿದ್ದೇವೆ: "ಅಪ್ಪಾರ, ಹಬ್ಬಕ್ಕ ಕರೀಲಾಕ ಬಂದಾನ ಅಂತ ತಿಳದಿದ್ದೆ, ಸಹಿ ಮಾಡಸ್ಕೊಳ್ಳಾಕ ಬಂದಿದ್ದ."

ಆ ಸಹಿ ಹಕ್ಕು ಬಿಡುಗಡೆ ಪತ್ರದ್ದು. ತಾನು ಬಿಡುತ್ತಿರುವುದು ಎಷ್ಟೆಂಬುದು ಆ ತಾಯಿಗೆ ಗೊತ್ತಿರುವುದಿಲ್ಲ. ಅದಕ್ಕಾಗಿ ಇಂದು ಇದನ್ನೇ ಬಿಡಿಸಿ ಹೇಳುತ್ತೇವೆ.

1956ರ ಹಿಂದೂ ಉತ್ತರಾಧಿಕಾರ ಕಾಯಿದೆ ವೀರಶೈವ, ಲಿಂಗಾಯತ ಎಂದು ಹೆಸರು ಹಿಡಿದೇ ನಮಗೂ ಅನ್ವಯಿಸುತ್ತದೆ. ತಂದೆ ಸ್ವಂತ ಗಳಿಸಿದ್ದರಲ್ಲಿ, ಆತ ಮೃತ್ಯುಪತ್ರ ಬರೆಯದೆ ತೀರಿಕೊಂಡರೆ, ಮಗಳಿಗೆ ಮಗನಷ್ಟೇ ಪಾಲು ಅಂದಿನಿಂದಲೇ ಇದೆ. ಪಿತ್ರಾರ್ಜಿತದ ಲೆಕ್ಕ ಮಾತ್ರ ಬೇರೆಯಾಗಿತ್ತು. ತಾಯಿ ಮೊದಲೇ ತೀರಿಕೊಂಡ ಒಂದು ಮನೆಯಲ್ಲಿ 12 ಎಕರೆ ಹೊಲ, ತಂದೆ, ಇಬ್ಬರು ಗಂಡುಮಕ್ಕಳು, ಒಬ್ಬ ಮಗಳು ಎಂದಿಟ್ಟುಕೊಳ್ಳಿರಿ. ಹಳೆಯ ಲೆಕ್ಕದಲ್ಲಿ ಹುಟ್ಟಿನ ಹಕ್ಕು ಗಂಡಿಗೆ ಮಾತ್ರ. ತಂದೆಗೂ ಇಬ್ಬರು ಗಂಡುಮಕ್ಕಳಿಗೂ ನಾಲ್ಕು ನಾಲ್ಕು ಎಕರೆ. ತಂದೆ ತೀರಿದ ಮೇಲೆ ಆತನ ನಾಲ್ಕರಲ್ಲಿ ಮಾತ್ರ ಮಗಳಿಗೆ ಮೂರನೆಯ ಒಂದು ಭಾಗ, ಅಂದರೆ 1 ಎಕರೆ 13 ಗುಂಟೆ ಚಿಲ್ಲರೆ. ಅಣ್ಣತಮ್ಮಂದಿರಿಗೆ ತಲೆಗೆ ಐದು ಎಕರೆಯ ಮೇಲೆ. ಇರುವ ಮನೆಯಲ್ಲಂತೂ ಗಂಡುಮಕ್ಕಳು ತಾವಾಗಿ ಹಂಚಿಕೊಳ್ಳುವವರೆಗೆ ಆಕೆ ಪಾಲು ಕೇಳುವಂತೆಯೇ ಇರಲಿಲ್ಲ.

ನಮ್ಮ ಕರ್ನಾಟಕ 1994ರಲ್ಲಿ ಇದನ್ನು ತಿದ್ದಿತು. ಆದರೆ ಅದಕ್ಕೆ ಮುಂಚೆ ಮದುವೆಯಾದವರನ್ನು ಹೊರಗಿಟ್ಟಿತು. 2005ರ ಸೆಪ್ಟೆಂಬರ್ 9ರಿಂದ ಕೇಂದ್ರದ ತಿದ್ದುಪಡಿ ಜಾರಿಗೆ ಬಂದು ಆ ಭೇದವೂ, ಮನೆಯ ನಿರ್ಬಂಧವೂ ಹೋದವು. ತಂದೆ ಆ ದಿನ ಬದುಕಿರಲೇಬೇಕೆಂದಿಲ್ಲ, ಮಗಳ ಹಕ್ಕು ಹುಟ್ಟಿನಿಂದಲೇ ಬಂದದ್ದು ಎಂದು 2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿತು. 2004ರ ಡಿಸೆಂಬರ್ 20ಕ್ಕೆ ಮೊದಲು ನೋಂದಣಿಯಾದ ಪತ್ರದಿಂದಲೋ ಕೋರ್ಟಿನ ಹುಕುಮಿನಿಂದಲೋ ಆದ ವಾಟ್ನಿ ಮುರಿಯುವುದಿಲ್ಲ. "ಬಾಯಿಮಾತಿನಲ್ಲಿ ಎಂದೋ ಹಂಚಿಕೊಂಡೇವರಿ" ಎಂಬುದು ಸುಲಭಕ್ಕೆ ನಿಲ್ಲುವುದಿಲ್ಲ. ಹೀಗಾಗಿ ಇಂದು ಆ 12 ಎಕರೆ ಮೂವರಿಗೂ ನಾಲ್ಕು ನಾಲ್ಕು.

"ಮದುವೆಗೆ ಅಷ್ಟು ಖರ್ಚು ಮಾಡೇವಲ್ಲ, ಅದೇ ಪಾಲು" ಎನ್ನುತ್ತಾರೆ ಅಣ್ಣಂದಿರು. ಊಟ, ಹಂದರ, ವಾದ್ಯದವರಿಗೆ ಕೊಟ್ಟದ್ದು ಯಾರ ಕೈ ಸೇರಿತು? ವರದಕ್ಷಿಣೆಯ ಹಣ ಬೀಗರ ಮನೆ ಸೇರಿತು. 1961ರಿಂದ ಅದು ಅಪರಾಧ ಬೇರೆ. ಅಪರಾಧದ ಹಣವನ್ನು ಮಗಳ ಲೆಕ್ಕಕ್ಕೆ ಬರೆಯುವುದು ಯಾವ ನ್ಯಾಯ?

ಅಣ್ಣಂದಿರ ಇನ್ನೊಂದು ಮಾತಿಗೆ ಮಾತ್ರ ತೂಕವಿದೆ. ತಂದೆತಾಯಿಯ ಮುಪ್ಪಿನಲ್ಲಿ ಸೇವೆ ಮಾಡಿದವ, ಬೋರು ಕೊರೆಸಿ ಸೊಸೈಟಿ ಸಾಲ ಹೊತ್ತವ ಅವನೇ ಆಗಿರಬಹುದು. ಅದನ್ನು ತಂಗಿಯ ಮುಂದೆ ಬಿಚ್ಚಿ ಹೇಳಲಿ, ಸಾಲದ ಪುಸ್ತಕ ತೋರಿಸಲಿ. ಆಕೆ ತಿಳಿದು, ಮನಸ್ಸಾರೆ ಅರ್ಧ ಬಿಡಲಿ, ಎಲ್ಲವನ್ನೂ ಬಿಡಲಿ. ಅದು ಆಕೆಯ ದೊಡ್ಡತನ. ತಿಳಿಯಗೊಡದೆ ಬಿಡಿಸಿಕೊಂಡದ್ದು ಕಸಿದುಕೊಂಡದ್ದೇ. ಆಕೆ ಬಿಡದೆ ಕೇಳಿದರೆ "ತವರು ಮುರಿದಳು" ಎಂದು ಊರು ಆಡುತ್ತದೆ. ಕೇಳಿದವಳಿಗೆ ಪಂಚಮಿಯ ಕರೆ ನಿಲ್ಲಿಸಿದವರು ಯಾರು? ಮುರಿದವರು ಅವರು.

ಲಿಂಗ ಕಟ್ಟುವಾಗ ಹೆಣ್ಣುಕೂಸಿಗೆ ಒಂದು, ಗಂಡುಕೂಸಿಗೆ ಒಂದು ಎಂದು ಬೇರೆ ಬೇರೆ ಕಟ್ಟುವುದಿಲ್ಲ ನಾವು. ಹೊಲದ ಮಾತು ಬಂದಾಗ ಮಾತ್ರ ಆ ಕೂಸು ಪರರ ಮನೆಯದಾಗಿಬಿಡುತ್ತದೆ!

ಇನ್ನು ಕಾಗದದ ಮಾತು. ತಂದೆ ತೀರಿದ ಮೇಲೆ ವಾರಸಾ ಮಾಡಿಸುವಾಗ ಕೆಲವರು ವಂಶಾವಳಿಯಲ್ಲಿ ಹೆಣ್ಣುಮಕ್ಕಳ ಹೆಸರನ್ನೇ ಬಿಡುತ್ತಾರೆ. ಉತಾರದಲ್ಲಿ ಹೆಸರಿಲ್ಲದ ಮಾತ್ರಕ್ಕೆ ಹಕ್ಕು ಹೋಗುವುದಿಲ್ಲ, ವರುಷಗಟ್ಟಲೆ ಕೋರ್ಟು ತಿರುಗುವುದು ಮಾತ್ರ ಬರುತ್ತದೆ. ಬಿಡುಗಡೆ ಪತ್ರ ಮಾಡುವುದೇ ಆದರೆ ಸಬ್‌ರಿಜಿಸ್ಟ್ರಾರ್ ಕಚೇರಿಗೆ ಹೋಗುವ ಮೊದಲು ಅದನ್ನು ಆಕೆಗೆ ಪೂರ್ತಿ ಓದಿ ಹೇಳಿರಿ, ಸರ್ವೆ ನಂಬರು, ಎಕರೆ, ಗುಂಟೆ ಸಹಿತ. ಓದು ಬಾರದ ತಾಯಂದಿರು ಆ ಕಾಗದ ಹಿಡಿದು ಮಠಕ್ಕೆ ಬರಲಿ. ಓದಿ ಹೇಳುವವರು ಇಲ್ಲಿ ಇದ್ದಾರೆ.