ನಾಲ್ಕು ಕಿವಿಗಳ ಸಂಗೀತಗಾರ

ನೀಯೆ ಅರ್ ಎಂಬ ಹೆಸರನ್ನು ಚೀನದ ಹಳೆಯ ಲಿಪಿಯಲ್ಲಿ ಬರೆದರೆ, ಅದರೊಳಗೆ 'ಕಿವಿ' ಎಂಬ ಅಕ್ಷರವು ನಾಲ್ಕು ಬಾರಿ ಕಾಣುತ್ತದೆ. ಮೂರು ಕಿವಿಗಳು ಮನೆತನದ ಹೆಸರಿನಲ್ಲಿಯೇ ಇದ್ದವು. ಕೇಳಿದ ನಾದವನ್ನೆಲ್ಲ ಒಡನೆಯೇ ಅನುಕರಿಸಬಲ್ಲ ಆ ತರುಣನನ್ನು ಗೆಳೆಯರು ಪರಿಹಾಸಕ್ಕಾಗಿ 'ಕಿವಿ' ಎಂದು ಕರೆದರು. ಆತನು ಅದನ್ನೇ ತನ್ನ ಹೆಸರಾಗಿಸಿಕೊಂಡು ನಾಲ್ಕನೆಯದನ್ನೂ ಸೇರಿಸಿದನು.

ನೀಯೆ ಅರ್ ಜನಿಸಿದ್ದು 1912ರಲ್ಲಿ, ಯುನ್ನಾನ್ ಪ್ರಾಂತದ ಕುನ್‌ಮಿಂಗ್ ನಗರದಲ್ಲಿ. ದೇಶೀಯ ವೈದ್ಯನಾಗಿದ್ದ ತಂದೆ ಮಗನ ಎಳವೆಯಲ್ಲಿಯೇ ತೀರಿಕೊಂಡನು. ತಾಯಿ ಹಾಡುತ್ತಿದ್ದ ಜನಪದ ಗೀತೆಗಳು, ನೆರೆಯ ಬಡಗಿಯೊಬ್ಬನು ಹೇಳಿಕೊಟ್ಟ ಕೊಳಲು—ಇವೇ ಆತನ ಮೊದಲ ಪಾಠಗಳು. 1930ರಲ್ಲಿ ಷಾಂಘೈ ಸೇರಿದನು. ಮರುವರ್ಷ ಒಂದು ಗಾನ-ನೃತ್ಯ ಮಂಡಲಿಯಲ್ಲಿ ಪಿಟೀಲುವಾದಕನಾದನು. ಆದರೆ ಜಪಾನೀ ಸೇನೆ 1931ರಲ್ಲಿ ಮಂಚೂರಿಯವನ್ನು ಆಕ್ರಮಿಸಿತ್ತು. ಮರುವರ್ಷ ಷಾಂಘೈಯಲ್ಲಿಯೇ ಬಾಂಬುಗಳು ಬಿದ್ದವು. ಅಂಥ ಹೊತ್ತಿನಲ್ಲಿ ವಿಲಾಸದ ಹಾಡುಗಳೇಕೆ ಎಂದು ಗುಪ್ತನಾಮದಿಂದ ಟೀಕಿಸಿ, ಆತನು ಮಂಡಲಿಯಿಂದ ಹೊರಬಿದ್ದನು.

ಚೀನದ ಚಿತ್ರಗಳು ಆಗತಾನೆ ಮಾತು ಕಲಿಯುತ್ತಿದ್ದವು. ನೀಯೆ ಅರ್ ಬಂದರಿನ ಕೂಲಿಗಳ ಉದ್ಗಾರವನ್ನೂ ಪತ್ರಿಕೆ ಮಾರುವ ಮಕ್ಕಳ ಕೂಗನ್ನೂ ಕಿವಿಗೊಟ್ಟು ಕೇಳಿ, ಅವನ್ನೇ ರಾಗಕ್ಕಿಳಿಸಿದನು. 1934ರ 'ಮಹಾಮಾರ್ಗ' ಚಿತ್ರದಲ್ಲಿ ರಸ್ತೆ ಕಡಿಯುವವರ ಹಾಡಿಗೆ ಅವರ ದುಡಿಮೆಯ ಲಯವೇ ತಾಳವಾಯಿತು. ಎರಡು-ಮೂರು ವರ್ಷಗಳಲ್ಲಿ ಆತನು ಮೂವತ್ತಕ್ಕೂ ಮೀರಿ ಹಾಡುಗಳನ್ನು ರಚಿಸಿದನು.

1935ರ 'ಸಂಕಟಕಾಲದ ಮಕ್ಕಳು' ಚಿತ್ರಕ್ಕೆ ಗೀತೆ ಬರೆದವನು ಕವಿ ತಿಯೆನ್ ಹಾನ್. ಫೆಬ್ರವರಿಯಲ್ಲಿ ಆತನ ಬಂಧನವಾಯಿತು. ಬಂಧನದ ಭೀತಿ ಸಂಗೀತಗಾರನನ್ನೂ ಬೆನ್ನಟ್ಟಿತು. ಏಪ್ರಿಲಿನಲ್ಲಿ ಆತನು ಜಪಾನಿಗೆ ತೆರಳಿದನು. ಸಮಪ್ರಮಾಣವಿಲ್ಲದ ಆ ಸಾಲುಗಳನ್ನು ಛಂದಸ್ಸಿಗೆ ಬಗ್ಗಿಸದೆ, ಕಹಳೆಯ ಕರೆಯಂಥ ಆರಂಭವನ್ನಿತ್ತು, ನಡೆಯುವ ಹೆಜ್ಜೆಗೆ ಹೊಂದಿಸಿದನು. ಯಾವ ದೇಶದ ಸೇನೆಯನ್ನು ಎದುರಿಸಲೆಂದು ಆ ಗೀತೆ ಹುಟ್ಟಿತೋ, ಅದೇ ದೇಶದಿಂದ ಅದರ ಅಂತಿಮ ಸ್ವರಪ್ರಸ್ತಾರವು ಷಾಂಘೈಗೆ ಬಂದಿತು! ಮೇ ತಿಂಗಳಿನಲ್ಲಿ ಚಿತ್ರ ತೆರೆಕಂಡಿತು. ಜುಲೈ 17ರಂದು ಕುಗೆನುಮ ಕಡಲತೀರದಲ್ಲಿ ಈಜಲಿಳಿದ ನೀಯೆ ಅರ್ ಮುಳುಗಿ ಮೃತನಾದನು. ಆಗ ಆತನ ವಯಸ್ಸು 23.

'ಸ್ವಯಂಸೇವಕರ ನಡೆಗೀತೆ' 1949ರಲ್ಲಿ ಚೀನದ ರಾಷ್ಟ್ರಗೀತೆಯಾಯಿತು. ಕವಿಗೆ ಮಾತ್ರ ಇನ್ನೊಂದು ಸೆರೆ ಕಾದಿತ್ತು. ಸಾಂಸ್ಕೃತಿಕ ಕ್ರಾಂತಿಯ ಕಾಲದಲ್ಲಿ ಬಂಧಿತನಾದ ತಿಯೆನ್ ಹಾನ್ 1968ರಲ್ಲಿ ಅಲ್ಲಿಯೇ ಅಸುನೀಗಿದನು. ಆತನ ನುಡಿಗಳು ಜನರ ನಾಲಗೆಯಿಂದ ಮರೆಯಾದವು. ವಾದ್ಯಗಳಲ್ಲಿ ರಾಗವೊಂದೇ ಉಳಿಯಿತು. 1978ರಲ್ಲಿ ಬೇರೆ ಪದಗಳನ್ನು ಕಟ್ಟಿ ಹಾಡಿಸಿದರು. 1982ರಲ್ಲಿ ಮೂಲದ ನುಡಿಗಳು ಮರಳಿದವು. ಕವಿಯನ್ನು ಕಳೆದುಕೊಂಡ ಮಾತುಗಳನ್ನು ಅಷ್ಟು ಕಾಲ ಕಾದುಕೊಂಡಿದ್ದುದು ಗೆಳೆಯನ ರಾಗ.

ಕುಗೆನುಮದ ತೀರದಲ್ಲಿ ಜಪಾನೀಯರು 1954ರಲ್ಲಿ ನೀಯೆ ಅರ್‌ನ ಸ್ಮಾರಕವೊಂದನ್ನು ನಿಲ್ಲಿಸಿದರು. ಬಿರುಗಾಳಿಯ ಹೊಡೆತಕ್ಕೆ ಅದು ನಾಶವಾದಾಗ, 1965ರಲ್ಲಿ ಮತ್ತೆ ಕಟ್ಟಿದರು. ಅದರ ಆಕಾರವು 'ಕಿವಿ' ಎಂಬ ಅಕ್ಷರದ್ದು.