ದ್ವೀಪವಾಗಿಬಿಟ್ಟ ಪರ್ಯಾಯ ದ್ವೀಪ

ನಾರ್ವೆಯ ಸ್ವಾಲ್ಬಾರ್ಡ್ ದ್ವೀಪಸಮೂಹದ ಪಶ್ಚಿಮ ಕರಾವಳಿಯಲ್ಲಿ, ಸುಮಾರು 79 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ, ಕೊಂಗ್ಸ್‌ಫಿಯೋರ್ಡನ್ ಇದೆ. ಹಿಮನದಿಗಳು ಬಂಡೆಯನ್ನು ಉಜ್ಜಿ ಕೊರೆದ ಆಳವಾದ ಕಣಿವೆಗೆ ಕಡಲು ನುಗ್ಗಿದರೆ ಅದು ಫಿಯೋರ್ಡ್. ಈ ಫಿಯೋರ್ಡಿನ ನಡುವೆ ಬ್ಲೋಮ್‌ಸ್ಟ್ರಾಂಡ್‌ಹಾಲ್ವೊಯ ಎಂಬ ದ್ವೀಪವಿದೆ. ನಾರ್ವೆಯ ಭಾಷೆಯಲ್ಲಿ ‘ಹಾಲ್ವೊಯ’ ಎಂದರೆ ಪರ್ಯಾಯ ದ್ವೀಪ. ಹೆಸರಿಟ್ಟವರ ಕಣ್ಣಿಗೆ ಅದು ಹಾಗೆಯೇ ಕಂಡಿತ್ತು, ಏಕೆಂದರೆ ಹಿಮನದಿಯೊಂದು ಅದನ್ನು ನೆಲಕ್ಕೆ ಬೆಸೆದಿತ್ತು. 1990ರ ದಶಕದಲ್ಲಿ ಆ ಹಿಮ ಹಿಂದೆ ಸರಿದು, ನಡುವೆ ನೀರು ತೆರೆದುಕೊಂಡಿತು. ನೆಲದ ನಕ್ಷೆ ಬದಲಾಗಲು ಯುಗಗಳು ಬೇಕೆಂಬ ನಮ್ಮ ಎಣಿಕೆಯನ್ನು ಈ ಒಂದು ಹೆಸರೇ ಸುಳ್ಳಾಗಿಸುತ್ತದೆ.

ತಾಪ ಏರಿ ಹಿಮ ಕರಗುತ್ತಿದೆ ಎಂದರೆ, ಉತ್ತರ ಧ್ರುವದ ಸುತ್ತಲಿನ ಈ ಆರ್ಕ್‌ಟಿಕ್ ಹಿಂದೆಯೂ ಬೆಚ್ಚಗಿತ್ತಲ್ಲ ಎಂದು ಕೆಲವರು ಕೇಳುತ್ತಾರೆ. ಹೌದು, ಇತ್ತು. ಫಿಯೋರ್ಡಿನ ದಡದ ನೀ-ಓಲೆಸುಂಡ್‌ನಲ್ಲಿ 20ನೇ ಶತಮಾನದಲ್ಲಿ ಅಗೆದ ಕಲ್ಲಿದ್ದಲು, ಕೋಟ್ಯಂತರ ವರ್ಷಗಳ ಹಿಂದೆ ಅಲ್ಲಿ ದಟ್ಟ ಸಸ್ಯರಾಶಿ ಇತ್ತೆಂಬುದಕ್ಕೆ ಸಾಕ್ಷಿ. ಆದರೆ ಅಷ್ಟು ದೀರ್ಘ ಕಾಲದಲ್ಲಿ ನಡೆದ ಬದಲಾವಣೆಯನ್ನು ತೋರಿಸಿ, ಕೆಲವೇ ದಶಕಗಳಲ್ಲಿ ನಡೆಯುತ್ತಿರುವುದನ್ನು ಸಹಜವೆನ್ನಲಾಗದು. ಇನ್ನೊಂದು ಆಕ್ಷೇಪ ಹೆಚ್ಚು ತೂಕದ್ದು: ಅಟ್ಲಾಂಟಿಕ್‌ನ ಬೆಚ್ಚನೆಯ ಪ್ರವಾಹ ಒಳನುಗ್ಗುವುದರಿಂದಲೇ ಹಿಮ ಕರಗುತ್ತಿರಬಹುದಲ್ಲವೇ? ಸಮುದ್ರಕ್ಕಿಳಿಯುವ ಹಿಮನದಿಗಳ ಮಟ್ಟಿಗೆ ಈ ಮಾತಿನಲ್ಲಿ ಹುರುಳಿದೆ. 2006ರ ಬಳಿಕ ಚಳಿಗಾಲದಲ್ಲೂ ಫಿಯೋರ್ಡ್ ಹೆಪ್ಪುಗಟ್ಟುವುದು ಬಹಳ ಕಡಿಮೆಯಾಗಿರುವುದಕ್ಕೂ ಆ ನೀರು ಮುಖ್ಯ ಕಾರಣ. ಆದರೆ ಇಲ್ಲಿನ ಔಸ್ತ್ರೆ ಬ್ರೋಗ್ಗರ್‌ಬ್ರೇನ್ ಎಂಬ ಹಿಮನದಿ ನೆಲದ ಮೇಲೆಯೇ ಕೊನೆಗೊಳ್ಳುತ್ತದೆ. ಕಡಲು ಅದನ್ನು ಮುಟ್ಟುವುದಿಲ್ಲ. 1960ರ ದಶಕದಿಂದ ಅದರ ಆಯವ್ಯಯವನ್ನು ಅಳೆಯಲಾಗುತ್ತಿದೆ. ಹೆಚ್ಚುಕಡಿಮೆ ಪ್ರತಿ ವರ್ಷವೂ ಬಿದ್ದ ಹಿಮಕ್ಕಿಂತ ಕರಗಿದ ಹಿಮವೇ ಹೆಚ್ಚು. ಹಾಗಾದರೆ ಕಾರಣವನ್ನು ನೀರಿನಲ್ಲಷ್ಟೇ ಅಲ್ಲ, ಬಿಸಿಯೇರುತ್ತಿರುವ ಗಾಳಿಯಲ್ಲೂ ಹುಡುಕಬೇಕು.

ನೀ-ಓಲೆಸುಂಡ್ ಊರಿನ ಚರಿತ್ರೆಯೂ ಅದೇ ಕಡೆಗೆ ಬೊಟ್ಟು ಮಾಡುತ್ತದೆ. ಅಲ್ಲಿನ ಕಲ್ಲಿದ್ದಲು ಗಣಿಯಲ್ಲಿ 1962ರಲ್ಲಿ ಆದ ಸ್ಫೋಟದಲ್ಲಿ 21 ಕಾರ್ಮಿಕರು ಸತ್ತರು. ಮರುವರ್ಷ ಗಣಿ ಮುಚ್ಚಿತು. ಕಲ್ಲಿದ್ದಲು ಉರಿಸಿದಾಗ ಗಾಳಿಗೆ ಸೇರುವ ಇಂಗಾಲದ ಡೈಆಕ್ಸೈಡ್ ಭೂಮಿಯ ಶಾಖವನ್ನು ಹಿಡಿದಿಡುತ್ತದೆ. ಅದರ ಫಲವನ್ನು ಅಳೆಯುವ ವಿಜ್ಞಾನಿಗಳು ಇಂದು ಆ ಗಣಿ ಊರಿನಲ್ಲೇ ನೆಲೆಸಿದ್ದಾರೆ. ಭಾರತದ ‘ಹಿಮಾದ್ರಿ’ ಕೇಂದ್ರ 2008ರಲ್ಲಿ ಅಲ್ಲಿ ಆರಂಭವಾಯಿತು. 2014ರಲ್ಲಿ ನಮ್ಮ ವೀಕ್ಷಣಾ ಉಪಕರಣಗಳು ಫಿಯೋರ್ಡಿನ ನೀರಿಗೂ ಇಳಿದವು.

ಅಷ್ಟು ದೂರದ ಹಿಮದ ಗೊಡವೆ ನಮಗೇಕೆ ಎನ್ನುವವರಿಗೆ ಉತ್ತರ ಸರಳ. ನೆಲದ ಮೇಲಿನ ಹಿಮ ಎಲ್ಲಿ ಕರಗಿದರೂ ಆ ನೀರು ಸೇರುವುದು ಎಲ್ಲರ ಸಮುದ್ರಕ್ಕೆ. ಕಾರವಾರದಿಂದ ಉಳ್ಳಾಲದವರೆಗಿನ ನಮ್ಮ ಕಡಲತೀರವೂ ಆ ಲೆಕ್ಕದೊಳಗೇ ಇದೆ.